ಹೈಸ್ಕೂಲ್ ಫಿಸಿಕ್ಸ್‌ಗೆ ಓಪನ್ ಸೋರ್ಸ್ ಸಿಮ್ಯುಲೇಶನ್: ನೆಟ್ ಇಲ್ದೆ, ಕನ್ನಡದಲ್ಲಿ, ಹಳೇ ಕಂಪ್ಯೂಟರ್‌ನಲ್ಲಿ ಯಾವ್ದು ಓಡುತ್ತೆ?

ಹಾಸನದ ಮೇಷ್ಟ್ರು:

ಎಲ್ರಿಗೂ ನಮಸ್ಕಾರ. ಹಾಸನ ಜಿಲ್ಲೆಯ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ವಿಜ್ಞಾನ ಪಾಠ ಮಾಡ್ತೀನಿ. ಪ್ರಶ್ನೆ ಸ್ವಲ್ಪ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ.

10ನೇ ಕ್ಲಾಸಿಗೆ ವಿದ್ಯುತ್ ಪಾಠ ಮಾಡುವಾಗ ಪ್ರತಿ ವರ್ಷ ಒಂದೇ ಜಾಗದಲ್ಲಿ ಸಿಕ್ಕಾಕ್ಕೊಳ್ತೀನಿ. ಎರಡು ಟಾರ್ಚ್ ಬಲ್ಬನ್ನ ಸರಣಿಯಲ್ಲಿ ಜೋಡ್ಸಿ ತೋರಿಸ್ತೀನಿ, ಎರಡ್ರಲ್ಲೂ ಹರಿಯೋ ಕರೆಂಟ್ ಒಂದೇ ಅಂತ ಹೇಳ್ತೀನಿ, ಆದ್ರೆ ಮಕ್ಕಳ ಕಣ್ಮುಂದೆ ಒಂದು ಬಲ್ಬು ಜೋರಾಗಿ ಉರೀತಿರುತ್ತೆ, ಇನ್ನೊಂದು ಮಂಕಾಗಿರುತ್ತೆ, ಯಾಕಂದ್ರೆ ಅಂಗಡಿಯಿಂದ ತಂದ ಎರಡು ಬಲ್ಬು ತದ್ರೂಪ ಇರೋದೇ ಇಲ್ಲ. ಈ ಸಲ ಒಬ್ಳು ಹುಡ್ಗಿ ಎದ್ದು ನಿಂತು "ಸಾರ್, ಮೊದಲ್ನೇ ಬಲ್ಬು ಅರ್ಧ ಕರೆಂಟ್ ತಿಂದ್ಬಿಡ್ತು, ಮಿಕ್ಕಿದ್ದು ಎರಡ್ನೇದಕ್ಕೆ ಹೋಯ್ತು, ಅದಕ್ಕೇ ಮಂಕು" ಅಂದ್ಲು. ಇಡೀ ಕ್ಲಾಸು ಹೌದು ಹೌದು ಅಂತು. ನಾನು ಪುಸ್ತಕ ತೋರಿಸ್ದೆ, ಅವಳು ಬಲ್ಬು ತೋರಿಸಿದ್ಲು. ಅಮ್ಮೀಟರ್ ಹಾಕಿ ತೋರ್ಸೋಣ ಅಂದ್ರೆ ನಮ್ಮಲ್ಲಿರೋದು ಒಂದೇ, ಅದ್ರ ಮುಳ್ಳು ಅಂಟ್ಕೊಂಡಿದೆ.

ಅದಕ್ಕೇ ಸಿಮ್ಯುಲೇಶನ್ ಹುಡುಕ್ತಿದೀನಿ. ಲ್ಯಾಬಲ್ಲಿ 8 ಕಂಪ್ಯೂಟರ್, 5 ಓಡ್ತವೆ, 2 ಜಿಬಿ ರ‍್ಯಾಮ್, ಉಬುಂಟು ಹಾಕಿದೀವಿ. ನೆಟ್ ನಂಬ್ಕೊಂಡು ಪಾಠ ಮಾಡೋಕಾಗಲ್ಲ. ಹಿಂದೆ ದಾನಿಗಳೊಬ್ರು ಒಂದು ಸಾಫ್ಟ್‌ವೇರ್ ಕೊಡ್ಸಿದ್ರು, ಚೆನ್ನಾಗೇ ಇತ್ತು, ಎರಡನೇ ವರ್ಷಕ್ಕೆ ಲೈಸೆನ್ಸ್ ಮುಗೀತು ಅಂತ ತೆರ್ಕೊಳ್ಳೋದನ್ನೇ ನಿಲ್ಲಿಸ್ತು, ನಾನು ಅದರ ಮೇಲೆ ಬರ್ಕೊಂಡಿದ್ದ ಪಾಠದ ಟಿಪ್ಪಣಿ ಎಲ್ಲಾ ಹಾಗೇ ಬಿದ್ದಿದೆ. ಇನ್ನೊಂದ್ಸಲ ಹಾಗಾಗ್ಬಾರ್ದು. ಓಪನ್ ಸೋರ್ಸೇ ಬೇಕು, ಅಂದ್ರೆ ಒಳಗಿನ ಕೋಡ್ ಎಲ್ರಿಗೂ ತೆರೆದಿರೋದು. ಏನು ಹಾಕ್ಲಿ ಹೇಳಿ.

ಧಾರವಾಡ ಕಡಿಯಾಂವ:

ಸರ, ನಿಮ್ಮ ಹುಡಗಿ ಹೇಳಿದ್ದು ನಮ್ಮ ಸಾಲ್ಯಾಗೂ ವರ್ಷಾ ವರ್ಷಾ ಬರೋ ಮಾತ ಐತ್ರಿ. ಫೆಟ್ ಅಂತ ಫಿಸಿಕ್ಸ್ ಸಿಮ್ಯುಲೇಶನ್‌ಗಳ ಒಂದು ಗಂಟು ಐತಿ, ನೀವು ಅದರಿಂದ ಸುರು ಮಾಡ್ರಿ. ಅಮೆರಿಕಾದ ಕೊಲೊರಾಡೊ ವಿಶ್ವವಿದ್ಯಾಲಯ, ಬೌಲ್ಡರ್, ಅಲ್ಲಿ 2002ರಾಗ ಕಾರ್ಲ್ ವೀಮನ್ ಅನ್ನೋರು ಸುರು ಮಾಡಿದ್ದು. ಅವ್ರಿಗೆ ಹಿಂದಿನ ವರ್ಷ ಅಂದ್ರ 2001ರಾಗ ಫಿಸಿಕ್ಸ್ ನೊಬೆಲ್ ಬಂದಿತ್ತು, ನೊಬೆಲ್ ಬಂದ ಮ್ಯಾಲ ಮಕ್ಕಳಿಗೆ ಹೆಂಗ ಕಲಸೂದು ಅಂತ ಕುಂತ ಮನಷ್ಯಾ ರೀ, ಅದಕ್ಕ ನನಗ ಭಾಳ ಗೌರವ.

ನಿಮಗ ಬೇಕಾಗಿದ್ದು ಸರ್ಕಿಟ್ ಕನ್‌ಸ್ಟ್ರಕ್ಷನ್ ಕಿಟ್, ಡಿಸಿ ಅಂತ ಇರೋದು. ವೈರು, ಬ್ಯಾಟರಿ, ಬಲ್ಬು, ಸ್ವಿಚ್ ಎಳದ ಹಾಕೂದು, ಜೋಡಸೂದು, ಅಷ್ಟ. ಅಮ್ಮೀಟರ್ ಎಷ್ಟ ಬೇಕಾದಷ್ಟ ಐತಿ. ಬ್ಯಾಟರಿ 9 ವೋಲ್ಟ್, ಬಲ್ಬು 10 ಓಮ್ ಇಟ್ಟು ಎರಡು ಬಲ್ಬ್ ಸರಣಿಗೆ ಹಾಕ್ರಿ, ಬ್ಯಾಟರಿ ಆದ ಮ್ಯಾಲ, ಎರಡು ಬಲ್ಬಿನ ನಡಕ, ಎರಡನೇ ಬಲ್ಬ್ ಆದ ಮ್ಯಾಲ, ಮೂರೂ ಕಡೆ 0.45 ಆಂಪಿಯರ್ರೇ ತೋರಸ್ತೈತಿ. ತಿಂದ ಬಿಟ್ಟಿದ್ರ ಮೂರನೇ ಕಡೆ ಎಲ್ಲಿಂದ ಬರಬೇಕು ಅಂತ ಕೇಳ್ರಿ. ಆಮ್ಯಾಲ ಒಂದು ಬಲ್ಬನ್ನ ಒತ್ತಿ ಅದರ ರೋಧ 20 ಓಮ್ ಮಾಡ್ರಿ. ಕರೆಂಟು 0.30ಕ್ಕ ಇಳೀತೈತಿ, ಅದೂ ಮೂರೂ ಕಡೆ, ಆದ್ರ 20 ಓಮಿಂದು ಜೋರ್ ಉರಿತೈತಿ. ನಿಮ್ಮ ಟಾರ್ಚ್ ಬಲ್ಬಿನ ಕಥಿ ಇದ ರೀ.

ನೆಟ್ ಬೇಕಂತ ಏನಿಲ್ಲ. ಒಂದೊಂದು ಸಿಮ್ಯುಲೇಶನ್ನೂ ಒಂದ ಎಚ್‌ಟಿಎಂಎಲ್ ಫೈಲು, ಕೆಲವ ಎಂಬಿ. ಎಲ್ಲರ ನೆಟ್ ಇರೋ ಕಡೆ ಇಳಿಸಿ ಪೆನ್‌ಡ್ರೈವಿಗೆ ಹಾಕ್ಕೊಂಡ ಬಂದು ಬ್ರೌಸರ್‌ನ್ಯಾಗ ತೆಗದ್ರ ಮುಗೀತು. ಬ್ರೌಸರ್ ಮಾತ್ರ ಭಾಳ ಹಳೇದ ಇರಬಾರದು. ಎಲ್ಲಾ ಒಂದ ಸಲ ಬೇಕಂದ್ರ ಕಿವಿಕ್ಸ್ ಅಂತ ಐತಿ, ಆಫ್‌ಲೈನ್ ವಿಕಿಪೀಡಿಯ ಓದಾಕ ಮಾಡಿದ್ದು, ಅದರಾಗ ಫೆಟ್ ಪೂರ್ತಿ ಗಂಟು ಸಿಗ್ತೈತಿ.

ಕಾಸರಗೋಡಿನ ಟೀಚರ್:

ನಾನು ಕಾಸರಗೋಡಿನಲ್ಲಿ ಕನ್ನಡ ಮಾಧ್ಯಮದ ಶಾಲೆಯಲ್ಲಿ ಇರುವವಳು, ಅಂದ್ರೆ ನಮ್ಮ ಇಲಾಖೆ ಕೇರಳದ್ದು, ಮಕ್ಕಳು ಕನ್ನಡದವರು. ಇಲ್ಲಿ ಶಾಲೆಯ ಕಂಪ್ಯೂಟರ್‌ಗಳಲ್ಲಿ ಗ್ನೂ ಲಿನಕ್ಸೇ ಇರುವುದು, ಮೊದಲು ಐಟಿ ಅಟ್ ಸ್ಕೂಲ್ ಅಂತ ಇತ್ತು, ಈಗ ಕೈಟ್ ಅಂತ ಹೆಸರು, ಅವ್ರೇ ಉಬುಂಟುವನ್ನು ಶಾಲೆಗೆ ಬೇಕಾದ ಹಾಗೆ ಸಿದ್ಧ ಮಾಡಿ ಕೊಡ್ತಾರೆ. ಫೆಟ್, ಗಣಿತಕ್ಕೆ ಜಿಯೊಜೀಬ್ರಾ ಎಲ್ಲ ಅದರ ಒಳಗೇ ಉಂಟು. ನಾವು ಇಳಿಸ್ಲಿಕ್ಕೆ ಹೋಗುವುದೇ ಇಲ್ಲ.

ನಾನು ಹೇಳ್ಬೇಕು ಅಂದ್ಕೊಂಡದ್ದು ಇದು: ಸಾಫ್ಟ್‌ವೇರ್ ಇದ್ದ ಮಾತ್ರಕ್ಕೆ ಆಗುವುದಿಲ್ಲ ಮಾರಾಯ್ರೆ. ಮೊದಲ ವರ್ಷ ನಾನು ಪ್ರೊಜೆಕ್ಟರಿನಲ್ಲಿ ಹಾಕಿ ನಾನೇ ಮೌಸ್ ಹಿಡ್ಕೊಂಡು ತೋರಿಸ್ತಿದ್ದೆ, ಮಕ್ಕಳು ಚಂದ ನೋಡಿದ್ರು, ಪರೀಕ್ಷೆಯಲ್ಲಿ ಮತ್ತೆ ಅದೇ ತಪ್ಪು ಬರ್ದರು. ಎರಡನೇ ವರ್ಷದಿಂದ ಏನು ಮಾಡಿದೆ ಅಂದ್ರೆ ಸ್ವಿಚ್ ಒತ್ತುವ ಮೊದಲು ಪ್ರತಿಯೊಬ್ಬರೂ ಚೀಟಿಯಲ್ಲಿ ಏನಾಗ್ತದೆ ಅಂತ ಬರೀಬೇಕು, ಹೆಸರು ಬೇಡ, ಬರ್ದು ಮಡಚಿ ಇಡ್ಬೇಕು. ಆಮೇಲೆ ಮೂರು ಮೂರು ಮಕ್ಕಳಿಗೆ ಒಂದು ಕಂಪ್ಯೂಟರ್ ಕೊಟ್ಟು ಅವ್ರ ಕೈಗೇ ಮೌಸ್. ನಾನು ಹಿಂದೆ ನಿಲ್ಲುವುದು. ತಾನು ಬರ್ದದ್ದು ತಪ್ಪು ಅಂತ ಮಗುವಿಗೇ ಕಾಣುವಾಗ ಅದರ ಮುಖದಲ್ಲಿ ಒಂದು ಬದಲಾವಣೆ ಆಗ್ತದೆ ನೋಡಿ, ಅದಕ್ಕೋಸ್ಕರ ನಾನು ಇಷ್ಟೆಲ್ಲ ಒದ್ದಾಡುವುದು.

ಕೋಡ್ ಬರೆಯೋನು, ಬೆಂಗಳೂರು:

ಮೇಷ್ಟ್ರೇ, ನೀವು ಲೈಸೆನ್ಸ್ ವಿಷಯ ಎತ್ತಿದ್ದು ಒಳ್ಳೇದಾಯ್ತು. ಬಿಟ್ಟಿ ಸಿಗೋದೆಲ್ಲಾ ಓಪನ್ ಸೋರ್ಸ್ ಅಲ್ಲ, ಇದನ್ನ ತುಂಬಾ ಜನ ಒಂದೇ ಅನ್ಕೊಂಡಿರ್ತಾರೆ. ಉದಾಹರಣೆಗೆ ಆಲ್ಗೊಡೂ ಅನ್ನೋ ಫಿಸಿಕ್ಸ್ ಸಿಮ್ಯುಲೇಶನ್ ಸಾಫ್ಟ್‌ವೇರ್. ಸ್ವೀಡನ್‌ನ ಉಮಿಯೊ ವಿಶ್ವವಿದ್ಯಾಲಯದಲ್ಲಿ ಒಬ್ಬ ವಿದ್ಯಾರ್ಥಿಯ ಪ್ರಾಜೆಕ್ಟ್ ಆಗಿ ಫನ್ ಅನ್ನೋ ಹೆಸರಲ್ಲಿ ಶುರುವಾಗಿದ್ದು, ಮಕ್ಕಳು ಅದನ್ನ ಬಿಟ್ಟು ಏಳೋದೇ ಇಲ್ಲ ಅಷ್ಟು ಚೆನ್ನಾಗಿದೆ, ದುಡ್ಡು ಕೊಡ್ಬೇಕಾಗಿಲ್ಲ, ಆದ್ರೆ ಸೋರ್ಸ್ ಕೋಡ್ ಹೊರಗಿಲ್ಲ. ಒಳಗೆ ಏನು ಲೆಕ್ಕ ನಡೀತಿದೆ ಅಂತ ನೋಡೋಕಾಗಲ್ಲ, ನಾಳೆ ಹೊಸ ಉಬುಂಟುಗೆ ಯಾರೂ ಹೊಂದಿಸ್ಲಿಲ್ಲ ಅಂದ್ರೆ ನಾವೇ ಕೂತು ಹೊಂದ್ಸೋಕೂ ಆಗಲ್ಲ.

ಕೋಡ್ ತೆರೆದಿದ್ರೆ ಏನು ಲಾಭ ಅನ್ನೋದಕ್ಕೆ ಒಂದು ಕಥೆ. ಒಂದು ಕಾಲದಲ್ಲಿ ಫಿಸಿಕ್ಸ್ ಸಿಮ್ಯುಲೇಶನ್ ಅಂದ್ರೆ ಜಾವಾ ಆಪ್ಲೆಟ್, ಇಲ್ಲಾಂದ್ರೆ ಫ್ಲ್ಯಾಶ್, ಎರಡೂ ಬ್ರೌಸರ್ ಒಳಗೆ ಪುಟ್ಟ ಪ್ರೋಗ್ರಾಂ ಓಡಿಸೋ ಹಳೇ ವ್ಯವಸ್ಥೆಗಳು. ಬ್ರೌಸರ್‌ಗಳು ಮೊದಲು ಆಪ್ಲೆಟ್ ಕೈಬಿಟ್ವು, 2020ರ ಡಿಸೆಂಬರ್ 31ಕ್ಕೆ ಅಡೋಬಿಯವ್ರು ಫ್ಲ್ಯಾಶನ್ನೇ ನಿಲ್ಲಿಸಿಬಿಟ್ರು. ಎಷ್ಟೋ ಮೇಷ್ಟ್ರುಗಳು, ಪ್ರೊಫೆಸರ್‌ಗಳು ವರ್ಷಗಟ್ಟಲೆ ಮಾಡಿಟ್ಟಿದ್ದ ಸಿಮ್ಯುಲೇಶನ್‌ಗಳು ಆಗ ಕಣ್ಮರೆ ಆದ್ವು. ಉಳಿದಿದ್ದು ಯಾವ್ದು ಅಂದ್ರೆ ಯಾರಾದ್ರೂ ಕೂತು ಮತ್ತೆ ಬರೆದಿದ್ದು. ಪಾಲ್ ಫಾಲ್ಸ್ಟಾಡ್ ಅನ್ನೋರ ಸರ್ಕಿಟ್ ಸಿಮ್ಯುಲೇಟರ್ ಜಾವಾದಲ್ಲಿತ್ತು, ಕೋಡ್ ತೆರೆದಿತ್ತು, ಹಾಗಾಗಿ ಇಯಾನ್ ಶಾರ್ಪ್ ಅನ್ನೋ ಇನ್ನೊಬ್ರು ಅದನ್ನ ಜಾವಾಸ್ಕ್ರಿಪ್ಟ್‌ಗೆ ತಂದ್ರು, ಇವತ್ತೂ ಓಡ್ತಿದೆ, ಎಲೆಕ್ಟ್ರಾನಿಕ್ಸ್ ಓದೋ ಡಿಪ್ಲೊಮಾ ಮಕ್ಕಳಿಗೆ ಅದಕ್ಕಿಂತ ಒಳ್ಳೇದು ನಾನು ನೋಡಿಲ್ಲ. ಫೆಟ್‌ನವ್ರೂ ತಮ್ಮ ಹಳೇ ಜಾವಾ, ಫ್ಲ್ಯಾಶ್ ಸಿಮ್‌ಗಳನ್ನ ಒಂದೊಂದಾಗಿ ಎಚ್‌ಟಿಎಂಎಲ್5ಗೆ ಬರೆದ್ರು, ಅದಕ್ಕೆ ವರ್ಷಗಳೇ ಹಿಡಿದ್ವು, ಆ ಕೋಡ್ ಎಲ್ಲಾ ಗಿಟ್‌ಹಬ್ ಅನ್ನೋ ಕೋಡ್ ಹಂಚೋ ಸೈಟಲ್ಲಿದೆ, ಯಾರು ಬೇಕಾದ್ರೂ ಓದ್ಬೋದು.

ನಿವೃತ್ತ ಪಿಯು ಉಪನ್ಯಾಸಕ:

ಎಲ್ಲರ ಉತ್ಸಾಹ ನೋಡಿ ಸಂತೋಷ ಆಯ್ತು, ಆದ್ರೆ ಒಂದು ಆಕ್ಷೇಪ ಇದೆ. 32 ವರ್ಷ ಪ್ರಯೋಗಶಾಲೆಯಲ್ಲಿ ನಿಂತವನು ನಾನು. ಮೀಟರ್ ಬ್ರಿಡ್ಜ್ ಮೇಲೆ ಜಾಕಿ ಇಟ್ಟಾಗ ಗ್ಯಾಲ್ವನೋಮೀಟರ್ ಮುಳ್ಳು ನಡುಗೋದು, ಟರ್ಮಿನಲ್ ಸಡಿಲ ಇದ್ರೆ ಓದಿಕೆ ಕುಣಿಯೋದು, ತಂತಿ ತುದಿಗೆ ಮರಳು ಕಾಗದ ಉಜ್ಜದೆ ಸಂಪರ್ಕವೇ ಸಿಗದೆ ಇರೋದು, ಇದನ್ನೆಲ್ಲಾ ಕೈಯಿಂದ ಕಲೀಬೇಕು. ಸಿಮ್ಯುಲೇಶನ್‌ನಲ್ಲಿ 0.45 ಅಂದ್ರೆ 0.45. ಒಂದೇ ಪ್ರಯೋಗ ಹತ್ತು ಸಲ ಮಾಡಿದ್ರೆ ಹತ್ತು ಬೇರೆ ಓದಿಕೆ ಬರುತ್ತೆ, ಅದರ ಸರಾಸರಿ ತೆಗೀಬೇಕು, ದೋಷ ಎಷ್ಟು ಅಂತ ಹೇಳ್ಬೇಕು ಅನ್ನೋದು ಆ ಮಗುವಿಗೆ ಎಲ್ಲಿ ಗೊತ್ತಾಗ್ಬೇಕು? ಕಂಪ್ಯೂಟರ್ ಬಂತು ಅಂತ ಪ್ರಯೋಗದ ಬೀರುವಿಗೆ ಬೀಗ ಹಾಕಿದ ಶಾಲೆ ನಾನೇ ನೋಡಿದೀನಿ, ಅದು ನನಗೆ ತುಂಬಾ ನೋವು ಕೊಟ್ಟ ವಿಷಯ.

ಮೈಸೂರಿನ ಸಂಶೋಧನಾ ವಿದ್ಯಾರ್ಥಿನಿ:

ಸರ್, ನಿಮ್ಮ ಮಾತನ್ನ ಪೂರ್ತಿ ಒಪ್ತೀನಿ, ಆದ್ರೂ ಒಂದು ಅಧ್ಯಯನದ ಬಗ್ಗೆ ಹೇಳ್ಲೇಬೇಕು. 2005ರಲ್ಲಿ ಕೊಲೊರಾಡೊದಲ್ಲೇ ನೋಆ ಫಿಂಕಲ್‌ಸ್ಟೈನ್ ಮತ್ತು ಅವ್ರ ಜೊತೆಯವ್ರು ಮಾಡಿದ್ದು. ಕಾಲೇಜಿನ ಒಂದು ಗುಂಪಿಗೆ ನಿಜವಾದ ಬಲ್ಬು, ವೈರು, ಮೀಟರು ಕೊಟ್ರು, ಇನ್ನೊಂದು ಗುಂಪಿಗೆ ಈ ಸರ್ಕಿಟ್ ಕಿಟ್ ಸಿಮ್ಯುಲೇಶನ್ ಮಾತ್ರ ಕೊಟ್ರು. ಆಮೇಲೆ ಇಬ್ರಿಗೂ ನಿಜವಾದ ಸಾಮಾನು ಕೊಟ್ಟು ಸರ್ಕಿಟ್ ಜೋಡ್ಸಿ, ಅದು ಹೇಗೆ ಕೆಲಸ ಮಾಡುತ್ತೆ ಅಂತ ಬರೀರಿ ಅಂದ್ರು. ಸಿಮ್ಯುಲೇಶನ್ ಮಾಡಿದವ್ರೇ ಮುಂದಿದ್ರು, ಕಾನ್ಸೆಪ್ಟ್ ಪ್ರಶ್ನೆಗಳಲ್ಲೂ, ನಿಜವಾದ ಸರ್ಕಿಟ್ ಜೋಡ್ಸೋದ್ರಲ್ಲೂ.

ನನ್ನ ಮಟ್ಟಿಗೆ ಇದರ ಕಾರಣ ಸರಳ. ನೀವು ಹೇಳಿದ ಸಡಿಲ ಟರ್ಮಿನಲ್, ತುಕ್ಕು ಹಿಡಿದ ತುದಿ, ಇವು ಪರಿಣತರಿಗೆ ಪಾಠ, ಮೊದಲ ಸಲ ನೋಡೋ ಮಗುವಿಗೆ ಗದ್ದಲ. ಮೇಷ್ಟ್ರ ಕ್ಲಾಸಿನ ಹುಡ್ಗಿಗೆ ಆಗಿದ್ದೂ ಅದೇ, ಬಲ್ಬುಗಳ ವ್ಯತ್ಯಾಸ ಅವಳ ತಪ್ಪು ಕಲ್ಪನೆಗೇ ಸಾಕ್ಷಿ ಹೇಳ್ತು. ಸಿಮ್ಯುಲೇಶನ್ ಆ ಗದ್ದಲ ತೆಗೆದು ಒಂದೇ ವಿಷಯ ಮುಂದಿಡುತ್ತೆ, ಜೊತೆಗೆ ಕಣ್ಣಿಗೆ ಕಾಣದ ಎಲೆಕ್ಟ್ರಾನನ್ನ ತೋರಿಸುತ್ತೆ. ಹಾಗಂತ ಅಲ್ಲೇ ನಿಂತ್ಬಿಟ್ರೆ ನೀವು ಹೆದರೋ ಹಾಗೇ ಆಗುತ್ತೆ. ಆ ಕಿಟ್‌ನಲ್ಲೇ ಬ್ಯಾಟರಿಯ ಒಳರೋಧ, ವೈರಿನ ರೋಧ ಜಾಸ್ತಿ ಮಾಡೋ ಸ್ಲೈಡರ್ ಇವೆ. ಮೊದಲು ಸೊನ್ನೆಯಲ್ಲಿಟ್ಟು ಕಲಿಸಿ, ಆಮೇಲೆ ಅದನ್ನ ಏರಿಸಿ ಬಲ್ಬ್ ಮಂಕಾಗೋದು ತೋರಿಸಿ, ಆಮೇಲೆ ಬೀರು ತೆಗೀರಿ.

ನಿವೃತ್ತ ಪಿಯು ಉಪನ್ಯಾಸಕ:

ಮೊದಲು ಸಿಮ್ಯುಲೇಶನ್, ಆಮೇಲೆ ಬೀರು. ಈ ಕ್ರಮಕ್ಕೆ ನನ್ನ ಒಪ್ಪಿಗೆ ಇದೆ ತಾಯಿ. ಬೀರು ತೆಗೆಯೋದನ್ನ ಮಾತ್ರ ಮರೀಬೇಡಿ. ಹಾಗೇ ದೆಹಲಿಯ ಐಯುಎಸಿ, ಅಂದ್ರೆ ಇಂಟರ್ ಯೂನಿವರ್ಸಿಟಿ ಆಕ್ಸಿಲರೇಟರ್ ಸೆಂಟರ್, ಅವರು ಫೀನಿಕ್ಸ್ ಯೋಜನೆ ಅಂತ ಮಾಡಿದಾರೆ, ಅದರಲ್ಲಿ ಎಕ್ಸ್‌ಪೈಸ್ (expEYES) ಅನ್ನೋ ಪುಟ್ಟ ಪೆಟ್ಟಿಗೆ ಬಂತು. ಯುಎಸ್‌ಬಿಗೆ ಸಿಕ್ಕಿಸಿದ್ರೆ ಕಂಪ್ಯೂಟರೇ ಆಸಿಲೋಸ್ಕೋಪ್, ವೋಲ್ಟ್‌ಮೀಟರ್ ಎರಡೂ ಆಗುತ್ತೆ. ಸಾಫ್ಟ್‌ವೇರ್ ಪೈಥಾನ್‌ನಲ್ಲಿದೆ, ಸರ್ಕಿಟ್ ನಕ್ಷೆ ಕೂಡ ತೆರೆದಿಟ್ಟಿದಾರೆ. ಆಯಸ್ಕಾಂತವನ್ನ ಸುರುಳಿಯೊಳಗೆ ಬೀಳಿಸಿದ್ರೆ ಪ್ರೇರಿತ ವೋಲ್ಟೇಜ್ ಒಂದು ಸಲ ಮೇಲೆ, ಒಂದು ಸಲ ಕೆಳಗೆ ಹೋಗಿ ಬರೋದು ಪರದೆ ಮೇಲೆ ಕಾಣುತ್ತೆ. ಕಪ್ಪು ಹಲಗೆ ಮೇಲೆ ಆ ಗೆರೆ ಎಷ್ಟೋ ಸಲ ಬರೆದಿದ್ದೆ, ನಿಜವಾದ ಸುರುಳಿಯಿಂದ ಅದು ಬರೋದನ್ನ ನೋಡಿದಾಗ ಸ್ವಲ್ಪ ಹೊತ್ತು ಸುಮ್ನೆ ಕೂತ್ಬಿಟ್ಟೆ.

ದಾವಣಗೆರೆ ಬಿಇ ಹುಡುಗ:

ನಂದೊಂದು ಡೌಟು ಸರ್. ಸಿಮ್ಯುಲೇಶನ್ ತೋರ್ಸೋದು ಸರಿ ಇದೆ ಅಂತ ಹೇಗೆ ನಂಬೋದು? ನಾನು ಸೆಕೆಂಡ್ ಸೆಮ್‌ನಲ್ಲಿ ಸ್ಪ್ರಿಂಗಿಗೆ ಗುಂಡು ಕಟ್ಟಿದ ಪ್ರೋಗ್ರಾಂ ಬರೆದೆ, ಘರ್ಷಣೆ ಏನೂ ಹಾಕಿಲ್ಲ, ಒಂದು ನಿಮಿಷ ಬಿಟ್ಟು ನೋಡಿದ್ರೆ ಗುಂಡು ಸ್ಕ್ರೀನ್ ಬಿಟ್ಟು ಆಚೆ ಹೋಗಿತ್ತು. ಎಲ್ಲಿ ತಪ್ಪಿದೆ ಅಂತ ಇನ್ನೂ ಗೊತ್ತಾಗಿಲ್ಲ.

ಕೋಡ್ ಬರೆಯೋನು, ಬೆಂಗಳೂರು:

ತಪ್ಪು ನಿಮ್ಮ ಫಿಸಿಕ್ಸಲ್ಲಿಲ್ಲ, ಲೆಕ್ಕ ಮಾಡೋ ಕ್ರಮದಲ್ಲಿದೆ, ಮತ್ತೆ ಈ ಪ್ರಶ್ನೆ ಕೇಳಿದ್ದಕ್ಕೆ ನಿಮಗೆ ಥ್ಯಾಂಕ್ಸ್ ಹೇಳ್ಬೇಕು, ಏಕೆಂದ್ರೆ ನಾನು ಓಪನ್ ಸೋರ್ಸ್ ಓಪನ್ ಸೋರ್ಸ್ ಅಂತ ಹೇಳ್ತಿರೋದು ಇದಕ್ಕೇ.

ಕಂಪ್ಯೂಟರ್ ಕಾಲವನ್ನ ಚೂರು ಚೂರು ಮಾಡಿ ಲೆಕ್ಕ ಹಾಕುತ್ತೆ. 0.01 ಸೆಕೆಂಡಿನ ಚೂರು ಅನ್ಕೊಳ್ಳಿ. ನೀವು ಬಹುಶಃ ಹೀಗೆ ಬರೆದಿರ್ತೀರ: ಹಳೇ ವೇಗ ಇಟ್ಕೊಂಡು ಗುಂಡಿನ ಜಾಗ ಬದಲ್ಸು, ಹಳೇ ಜಾಗದಲ್ಲಿದ್ದ ಬಲ ಇಟ್ಕೊಂಡು ವೇಗ ಬದಲ್ಸು. ಇದಕ್ಕೆ ಆಯ್ಲರ್ ವಿಧಾನ ಅಂತಾರೆ. ಇದ್ರಲ್ಲಿ ಪ್ರತಿ ಚೂರಿನಲ್ಲೂ ಗುಂಡು ನಿಜವಾಗಿ ಇರ್ಬೇಕಾದ ಜಾಗಕ್ಕಿಂತ ಒಂದು ಕೂದಲೆಳೆ ಹೊರಗೆ ಹೋಗುತ್ತೆ. ಆವರ್ತಕಾಲ 2 ಸೆಕೆಂಡ್ ಇರೋ ಸ್ಪ್ರಿಂಗ್‌ಗೆ ಲೆಕ್ಕ ಹಾಕಿ ನೋಡಿ, 0.01ರ ಚೂರಿಟ್ರೂ ಒಂದೊಂದು ಆಂದೋಲನಕ್ಕೆ ಪಾರ, ಅಂದ್ರೆ ಗುಂಡು ನಡುವಿನಿಂದ ಎಷ್ಟು ದೂರ ಹೋಗುತ್ತೆ ಅನ್ನೋದು, ಸುಮಾರು ಶೇ 10 ಬೆಳೆಯುತ್ತೆ. 10 ಆಂದೋಲನ ಆಗೋ ಹೊತ್ತಿಗೆ 2.7 ಪಟ್ಟು, ಶಕ್ತಿ 7 ಪಟ್ಟು. ಎಲ್ಲಿಂದಲೂ ಬರದ ಶಕ್ತಿ ಅದು, ಶಕ್ತಿ ಸಂರಕ್ಷಣೆಯ ನಿಯಮ ನಿಮ್ಮ ಸ್ಕ್ರೀನ್ ಮೇಲೇ ಮುರಿದು ಬಿತ್ತು.

ಈಗ ಒಂದೇ ಒಂದು ಬದಲಾವಣೆ ಮಾಡಿ. ಮೊದಲು ವೇಗ ಬದಲಿಸಿ, ಆಮೇಲೆ ಆ ಹೊಸ ವೇಗದಿಂದ ಜಾಗ ಬದಲಿಸಿ. ಎರಡು ಸಾಲು ಹಿಂದೆ ಮುಂದೆ ಮಾಡೋದು ಅಷ್ಟೇ. ರಾತ್ರಿ ಪೂರ್ತಿ ಓಡಿಸಿದ್ರೂ ಗುಂಡು ಸ್ಕ್ರೀನ್ ಬಿಟ್ಟು ಹೋಗಲ್ಲ. ಇನ್ನೂ ನಿಖರ ಬೇಕಂದ್ರೆ ರುಂಗೆ ಕುಟ್ಟ ಅಂತ ಒಂದಿದೆ, ಒಂದೊಂದು ಚೂರಿನೊಳಗೆ ನಾಲ್ಕು ಸಲ ಬಲ ಲೆಕ್ಕ ಹಾಕುತ್ತೆ, ಎರಿಕ್ ನ್ಯೂಮನ್ ಅವರ ಮೈ ಫಿಸಿಕ್ಸ್ ಲ್ಯಾಬ್ ಸೈಟಲ್ಲಿ ಅದನ್ನ ಬಳಸಿದಾರೆ. ಅಲ್ಲಿ ಪ್ರತಿ ಸಿಮ್ಯುಲೇಶನ್ ಕೆಳಗೆ ಸಮೀಕರಣ ಎಲ್ಲಿಂದ ಬಂತು ಅಂತ ಬಿಡಿಸಿ ಬರೆದಿದಾರೆ, ಕೋಡೂ ತೆರೆದಿದೆ. ಬಿಇ ಮಕ್ಕಳು ಒಂದು ವಾರ ಅಲ್ಲಿ ಕೂರ್ಬೇಕು.

ಹಾಗೇ ಇನ್ನೊಂದು ಎಚ್ಚರಿಕೆ. ಬಾಕ್ಸ್2ಡಿ ಥರದ ಎಂಜಿನ್‌ಗಳು, ಅಂದ್ರೆ ಚಲನೆ, ಡಿಕ್ಕಿ ಲೆಕ್ಕ ಹಾಕೋ ಸಿದ್ಧ ಕೋಡ್, ಆಟಗಳಿಗೆ ಅಂತ ಹುಟ್ಟಿದ್ದು, ಆಂಗ್ರಿ ಬರ್ಡ್ಸ್ ಓಡಿದ್ದು ಅದರ ಮೇಲೇ. ಅವಕ್ಕೆ ಮುಖ್ಯ ಆಟ ತಡವರಿಸದೆ ಓಡೋದು, ಪೆಟ್ಟಿಗೆ ಮೇಲೆ ಪೆಟ್ಟಿಗೆ ಇಟ್ರೆ ನಡುಗದೆ ನಿಲ್ಲೋದು, ಕೊನೇ ದಶಮಾಂಶದ ನಿಖರತೆ ಅಲ್ಲ. ಅದ್ರಿಂದ ಪಾಠ ಮಾಡೋಕೆ ಬಳಸ್ಬೋದು, ಆದ್ರೆ ಓದಿಕೆ ತಗೊಂಡು ಗ್ರಾಫ್ ಹಾಕೋ ಮುಂಚೆ ಪರೀಕ್ಷೆ ಮಾಡ್ಕೊಳ್ಳಿ.

ಪರೀಕ್ಷೆ ಹೇಗೆ ಅಂದ್ರೆ, ಲೋಲಕ ತಗೊಳ್ಳಿ. 1 ಮೀಟರ್ ದಾರಕ್ಕೆ ಪುಸ್ತಕದ ಸೂತ್ರ 2.006 ಸೆಕೆಂಡ್ ಕೊಡುತ್ತೆ. ಆ ಸೂತ್ರ ಸಣ್ಣ ಕೋನಕ್ಕೆ ಮಾತ್ರ. 60 ಡಿಗ್ರಿಗೆ ಎತ್ತಿ ಬಿಟ್ರೆ ನಿಜವಾದ ಆವರ್ತಕಾಲ ಸುಮಾರು ಶೇ 7 ಜಾಸ್ತಿ, 2.15 ಸೆಕೆಂಡ್. ಸಿಮ್ಯುಲೇಶನ್ 60 ಡಿಗ್ರಿಗೂ 2.006 ಅಂತಲೇ ತೋರಿಸಿದ್ರೆ ಅದನ್ನ ಬರೆದವ್ರು ಸೂತ್ರವನ್ನ ಹಾಗೇ ಹಾಕಿದಾರೆ, ಬಲದಿಂದ ಲೆಕ್ಕ ಹಾಕಿಲ್ಲ ಅಂತ ಅರ್ಥ. 5 ಆಂದೋಲನಕ್ಕೆ 10.03 ಮತ್ತು 10.76, ಮುಕ್ಕಾಲು ಸೆಕೆಂಡ್ ವ್ಯತ್ಯಾಸ, ಮೊಬೈಲ್ ಸ್ಟಾಪ್‌ವಾಚ್ ಸಾಕು. ದಾರಕ್ಕೆ ಭಾರದ ಕಲ್ಲು ಕಟ್ಟಿ ನಿಜವಾಗ್ಲೂ ಅಳೆದು ನೋಡಿ, ದಾರ ಬಿಗಿಯಾಗೇ ಇರ್ಲಿ.

ದಾವಣಗೆರೆ ಬಿಇ ಹುಡುಗ:

ಸರ್ ಎರಡು ಸಾಲು ಬದಲಿಸಿದೆ, ಸರಿ ಹೋಯ್ತು!! ಅರ್ಧ ಗಂಟೆಯಿಂದ ಓಡ್ತಿದೆ, ಪಾರ ಹಾಗೇ ಇದೆ. ಇದನ್ನ ಕ್ಲಾಸಲ್ಲಿ ಯಾರೂ ಹೇಳಿರ್ಲಿಲ್ಲ. ಸಿ ಭಾಷೆಯಲ್ಲಿ ಗ್ರಾಫಿಕ್ಸ್ ಬರೆಯೋದೇ ಕಷ್ಟ ಆಗ್ತಿದೆ, ಹೈಸ್ಕೂಲ್ ಮಕ್ಕಳಿಗೆ ಹೇಳ್ಕೊಡೋ ಅಷ್ಟು ಸುಲಭದ್ದು ಏನಾದ್ರೂ ಇದ್ಯಾ?

ಮೈಸೂರಿನ ಸಂಶೋಧನಾ ವಿದ್ಯಾರ್ಥಿನಿ:

ವಿಪೈಥಾನ್ ನೋಡಿ, ಪೈಥಾನ್ ಭಾಷೆಯಲ್ಲೇ ಬರೆಯೋದು. 2000ದಲ್ಲಿ ಕಾರ್ನೆಗಿ ಮೆಲನ್‌ನಲ್ಲಿ ಡೇವಿಡ್ ಶೆರರ್ ಅನ್ನೋ ವಿದ್ಯಾರ್ಥಿ ಶುರು ಮಾಡಿದ್ದು, ಅಲ್ಲಿನ ರೂತ್ ಚಾಬೆ, ಬ್ರೂಸ್ ಶೆರ್‌ವುಡ್ ಅದನ್ನ ಫಿಸಿಕ್ಸ್ ಕೋರ್ಸಿನೊಳಗೇ ತಂದ್ರು. ಗೋಳ ಅಂತ ಒಂದು ಸಾಲು ಬರೆದ್ರೆ ಪರದೆ ಮೇಲೆ ಮೂರು ಆಯಾಮದ ಗೋಳ ಬರುತ್ತೆ, ಅದರ ಜಾಗ ಬದಲಿಸಿದ್ರೆ ಅದೇ ಚಲಿಸುತ್ತೆ, ಚಿತ್ರ ಬರೆಯೋ ಕೆಲಸ ನಿಮಗಿಲ್ಲ. ಸೂರ್ಯನ ಸುತ್ತ ಭೂಮಿ ತಿರುಗೋ ಪ್ರೋಗ್ರಾಂ 20 ಸಾಲಿನೊಳಗೆ ಬರೀಬೋದು.

ಕೋಡ್ ಬೇಡ, ಎಳೆದು ಹಾಕಿ ಮಾಡೋದು ಸಾಕು ಅಂದ್ರೆ ಸ್ಟೆಪ್ ಇದೆ, ಕೆಡಿಇ ಅನ್ನೋ ಓಪನ್ ಸೋರ್ಸ್ ಬಳಗದವ್ರದ್ದು, ಉಬುಂಟುವಿನ ಸಾಫ್ಟ್‌ವೇರ್ ಪಟ್ಟಿಯಲ್ಲೇ ಸಿಗುತ್ತೆ, 2 ಜಿಬಿ ಮೆಷಿನ್‌ನಲ್ಲೂ ಓಡುತ್ತೆ. ಗುಂಡು, ಸ್ಪ್ರಿಂಗು, ವಿದ್ಯುದಂಶ, ಅನಿಲದ ಕಣಗಳು ಎಲ್ಲಾ ಹಾಕ್ಬೋದು. ನಿವೃತ್ತ ಉಪನ್ಯಾಸಕರು ದೋಷದ ಬಗ್ಗೆ ಕೇಳಿದ್ರಲ್ಲ, ಸ್ಟೆಪ್‌ನಲ್ಲಿ ರಾಶಿ 2 ಕೆಜಿ, ಅನಿಶ್ಚಿತತೆ ಇಷ್ಟು ಅಂತ ಕೊಟ್ರೆ ಅದು ಮುಂದೆ ಹೇಗೆ ಹರಡುತ್ತೆ ಅಂತ ಅದೇ ಲೆಕ್ಕ ಹಾಕಿ ಹೇಳುತ್ತೆ. ಯಾವ ವಿಧಾನದಿಂದ ಲೆಕ್ಕ ಹಾಕ್ಬೇಕು ಅನ್ನೋದನ್ನೂ ನೀವೇ ಆರಿಸ್ಬೋದು, ಮೇಲೆ ಹೇಳಿದ ಆಯ್ಲರ್ ಹಾಕಿ ಶಕ್ತಿ ಏರೋದನ್ನ ಅಲ್ಲೇ ನೋಡಿ.

ತೀರ್ಥಹಳ್ಳಿ ಟೀಚರ್:

ನಮ್ಮ ಶಾಲೆಯಲ್ಲಿ ಕಂಪ್ಯೂಟರ್ ಇರೋದು ಒಂದೇ, ಆದ್ರೆ ಮೊಬೈಲ್ ನನ್ ಹತ್ರ ಇದೆ, ಅದ್ರಲ್ಲಿ ವಿಡಿಯೋ ತೆಗ್ದು ಕಂಪ್ಯೂಟರಲ್ಲಿ ಅಳೆಯೋದು ಹೇಳ್ತೀನಿ. ಟ್ರ್ಯಾಕರ್ ಅಂತ ಒಂದು ಸಾಫ್ಟ್‌ವೇರ್, ಓಪನ್ ಸೋರ್ಸ್ ಫಿಸಿಕ್ಸ್ ಅನ್ನೋ ಯೋಜನೆಯದ್ದು, ಡಗ್ಲಸ್ ಬ್ರೌನ್ ಅನ್ನೋರು ಬರೆದಿದ್ದು. ಮಕ್ಕಳ ಹತ್ರ ಚೆಂಡು ಬಿಡ್ಸಿ ವಿಡಿಯೋ ತಗೊಳ್ತೀವಿ, ಪಕ್ಕದಲ್ಲಿ ಮೀಟರ್ ಕೋಲು ನಿಲ್ಸಿರ್ತೀವಿ ಅಳತೆಗೆ. 1.2 ಮೀಟರ್ ಎತ್ತರದಿಂದ ಬೀಳೋಕೆ ಅರ್ಧ ಸೆಕೆಂಡ್ ಹತ್ರ ಬೇಕು, ಸೆಕೆಂಡಿಗೆ 30 ಚಿತ್ರ ಅಂದ್ರೆ 15 ಚಿತ್ರ ಸಿಗ್ತವೆ. ಒಂದೊಂದು ಚಿತ್ರದಲ್ಲೂ ಚೆಂಡಿನ ಮೇಲೆ ಮಕ್ಕಳೇ ಕ್ಲಿಕ್ ಮಾಡ್ತಾರೆ, ಗ್ರಾಫ್ ತಾನಾಗೇ ಬರುತ್ತೆ, ವೇಗ-ಕಾಲದ ಗ್ರಾಫಿನ ಓರೆಯಿಂದ ಗುರುತ್ವದ ವೇಗೋತ್ಕರ್ಷ. ಒಂದ್ಸಲ 9.6 ಬಂತು, ಒಂದ್ಸಲ 10.1. ಯಾಕೆ 9.8 ಬರ್ಲಿಲ್ಲ ಅಂತ ಮಕ್ಕಳು ಒಂದು ಪೀರಿಯಡ್ ಜಗಳ ಆಡಿದ್ರು, ಒಬ್ಬ ಮೀಟರ್ ಕೋಲು ಚೆಂಡಿಗಿಂತ ಹಿಂದೆ ಇತ್ತು ಮಿಸ್ ಅಂದ, ಹೌದು, ದೂರ ಇದ್ರೆ ಕೋಲು ಚಿಕ್ಕದಾಗಿ ಕಾಣುತ್ತಲ್ಲ. ಅವತ್ತು ನಾನು ಏನೂ ಹೇಳ್ಕೊಡ್ಲಿಲ್ಲ.

ಒಂದು ತೊಂದ್ರೆ ಹೇಳ್ಬಿಡ್ತೀನಿ, ಕೆಲವು ಮೊಬೈಲ್‌ಗಳು ಬೆಳಕು ಕಮ್ಮಿ ಇದ್ರೆ ಸೆಕೆಂಡಿಗೆ 30 ಚಿತ್ರ ಅನ್ನೋದನ್ನ ಅವೇ ಬದಲಿಸ್ತವೆ. ಬಿಸಿಲಲ್ಲಿ ಮಾಡಿ. ಮಳೆಗಾಲದಲ್ಲಿ ನಮ್ಮಲ್ಲಿ ಇದಾಗೋದೇ ಇಲ್ಲ, ಆಗ ಫೈಫಾಕ್ಸ್ ಬಳಸ್ತೀನಿ, ಜರ್ಮನಿಯ ಆಖೆನ್ ವಿಶ್ವವಿದ್ಯಾಲಯದವ್ರ ಆ್ಯಪ್, ಅದೂ ಓಪನ್ ಸೋರ್ಸ್, ಮೊಬೈಲಿನೊಳಗಿರೋ ಸೆನ್ಸರ್‌ಗಳನ್ನೇ ಪ್ರಯೋಗದ ಸಾಮಾನು ಮಾಡುತ್ತೆ.

ಅನುವಾದ ಮಾಡುವವಳು, ಶಿರಸಿ:

ಕನ್ನಡದ ಬಗ್ಗೆ ಯಾರೂ ಮಾತೇ ಎತ್ತಿಲ್ಲ, ಮೇಷ್ಟ್ರ ಪ್ರಶ್ನೆಯಲ್ಲಿ ಅದೂ ಇತ್ತಲ್ಲ. ಫೆಟ್‌ನಲ್ಲಿ ಕನ್ನಡ ಇದೆ. ಅವರ ಅನುವಾದದ ಸಲಕರಣೆ ವೆಬ್‌ನಲ್ಲೇ ಕೆಲಸ ಮಾಡ್ತು, ಅಕೌಂಟ್ ತಗೊಂಡ್ರೆ ಪದಗಳು ಪಟ್ಟಿಯಾಗಿ ಬರ್ತವು, ಎದುರಿಗೆ ಕನ್ನಡ ತುಂಬೋದು. ಕೋಡ್ ಮುಟ್ಟೋ ಅಗತ್ಯ ಇಲ್ಲೆ.

ಕಷ್ಟ ಇರೋದು ಪದದಲ್ಲಿ. ನಮ್ಮ ಪಠ್ಯಪುಸ್ತಕದಲ್ಲಿ ಸ್ಪೀಡ್ ಅಂದ್ರೆ ಜವ, ವೆಲಾಸಿಟಿ ಅಂದ್ರೆ ವೇಗ. ಆದ್ರೆ ಮಾತಿನಲ್ಲಿ ಎಲ್ಲಾರೂ ಎರಡಕ್ಕೂ ವೇಗ ಅಂತಲೇ ಹೇಳೋದು. ಫೋರ್ಸಿಗೆ ಬಲ, ಎನರ್ಜಿಗೆ ಶಕ್ತಿ, ಪವರ್‌ಗೆ ಸಾಮರ್ಥ್ಯ ಅಂತ ಪುಸ್ತಕ ಹೇಳ್ತು, ಮನೆಯಲ್ಲಿ ಮೂರಕ್ಕೂ ಶಕ್ತಿ. ರಾಶಿ ಅಂದ್ರೆ ಹಳ್ಳಿ ಮಗುವಿಗೆ ಕಣದಲ್ಲಿರೋ ಭತ್ತದ ರಾಶಿ. ನಾನು ಶುರುವಿನಲ್ಲಿ ಸುಲಭ ಇರ್ಲಿ ಅಂತ ನನ್ನದೇ ಪದ ಹಾಕ್ತಿದ್ದೆ, ಆಮೇಲೆ ಒಬ್ಬ ಮೇಷ್ಟ್ರು ಹೇಳಿದ್ರು, ಅಮ್ಮ, ಮಗು ಪರೀಕ್ಷೆಯಲ್ಲಿ ನೋಡೋದು ಪುಸ್ತಕದ ಪದ, ಪರದೆ ಮೇಲೆ ಬೇರೆ ಪದ ಇದ್ರೆ ಎರಡು ಬೇರೆ ವಿಷಯ ಅಂದ್ಕೊಳ್ತದೆ. ಅವತ್ತಿಂದ 8, 9, 10ನೇ ತರಗತಿ ಪುಸ್ತಕ ಪಕ್ಕದಲ್ಲಿ ಇಟ್ಕೊಂಡೇ ಕೂರ್ತೆ. ಪುಸ್ತಕದಲ್ಲಿ ಇಲ್ಲದ ಪದಕ್ಕೆ ಮಾತ್ರ ಇಂಗ್ಲಿಷ್ ಪದವನ್ನೇ ಕನ್ನಡ ಅಕ್ಷರದಲ್ಲಿ ಬರೀತೆ.

ಜಾಗದ ಸಮಸ್ಯೆಯೂ ಇದೆ. ಗುಂಡಿಯ ಮೇಲೆ ಇಂಗ್ಲಿಷಿನ ಸಣ್ಣ ಪದಕ್ಕೆ ಬಿಟ್ಟ ಜಾಗದಲ್ಲಿ ಪ್ರಚ್ಛನ್ನ ಶಕ್ತಿ ಅಂತ ಹಾಕಿದ್ರೆ ಅಕ್ಷರ ಕುಗ್ಗಿ ಒತ್ತಕ್ಷರ ಕಾಣೋದೇ ಇಲ್ಲ. ಹಿಂದಿನ ಬೆಂಚಿನ ಮಗು ಏನು ಓದ್ಬೇಕು. ಹಾಗಾಗಿ ಅನುವಾದ ಮುಗಿಸಿದ ಮೇಲೆ ಪ್ರೊಜೆಕ್ಟರಿನಲ್ಲಿ ಹಾಕಿ ಹತ್ತು ಹೆಜ್ಜೆ ಹಿಂದೆ ನಿಂತು ನೋಡದೆ ಒಪ್ಪಿಸೋದಿಲ್ಲ.

ಹಾಸನದ ಮೇಷ್ಟ್ರು:

ಮೂರು ವಾರ ಆಯ್ತು, ಏನಾಯ್ತು ಅಂತ ಬರೀಲೇಬೇಕು.

ಪೇಟೆಗೆ ಹೋಗಿ ಸರ್ಕಿಟ್ ಕಿಟ್ ಇಳಿಸ್ಕೊಂಡು ಬಂದೆ. 5ರಲ್ಲಿ 4 ಕಂಪ್ಯೂಟರಲ್ಲಿ ಚೆನ್ನಾಗಿ ಓಡ್ತು, ಒಂದ್ರಲ್ಲಿ ಬ್ರೌಸರ್ ಹಳೇದು, ಅದನ್ನ ಹೊಸ್ದು ಹಾಕಿದ ಮೇಲೆ ಅದೂ ಓಡ್ತು. ಕಾಸರಗೋಡಿನ ಟೀಚರ್ ಹೇಳಿದ ಹಾಗೆ ಮೊದಲು ಚೀಟಿ ಬರೆಸ್ದೆ. 41 ಮಕ್ಕಳಲ್ಲಿ 33 ಜನ ಎರಡನೇ ಬಲ್ಬಿಗೆ ಕರೆಂಟ್ ಕಮ್ಮಿ ಅಂತ ಬರೆದಿದ್ರು. ಆಮೇಲೆ ಮೌಸ್ ಅವರ ಕೈಗೆ ಕೊಟ್ಟು ನಾನು ಬಾಗ್ಲ ಹತ್ರ ನಿಂತೆ. 0.45, 0.45, 0.45. ಸದ್ದೇ ಇಲ್ಲ. ಒಬ್ಬ ಅಮ್ಮೀಟರ್ ಕೆಟ್ಟಿದೆ ಸಾರ್ ಅಂದ, ಬೇರೆ ಎಳೆದು ಹಾಕಪ್ಪ ಅಂದೆ, ಮೂರು ಹಾಕಿದ, ಅದೇ ಬಂತು.

ಆ ಹುಡ್ಗಿ ಮಾತ್ರ ಒಂದು ಬಲ್ಬಿನ ರೋಧ 20 ಮಾಡಿ, ಎರಡು ಬಲ್ಬಿನ ಜಾಗ ಅದಲು ಬದಲು ಮಾಡಿದ್ಲು, ಯಾರೂ ಹೇಳಿರ್ಲಿಲ್ಲ. ಜೋರಾಗಿ ಉರಿಯೋ ಬಲ್ಬು ಎರಡನೇ ಜಾಗಕ್ಕೆ ಹೋದ್ರೂ ಜೋರಾಗೇ ಉರೀತು. ಸ್ವಲ್ಪ ಹೊತ್ತು ನೋಡಿ "ಸಾರ್, ಆವತ್ತಿನ ಟಾರ್ಚ್ ಬಲ್ಬು ಕೊಡಿ" ಅಂದ್ಲು. ಬೀರು ತೆಗೆದು ಕೊಟ್ಟೆ. ಅವಳೇ ಜೋಡ್ಸಿ, ಜಾಗ ಬದಲ್ಸಿ, ಮತ್ತೆ ಜೋಡ್ಸಿದ್ಲು. ಜೋರಾಗಿದ್ದಿದ್ದು ಹಿಂದೆ ಹೋದ್ರೂ ಜೋರಾಗೇ ಇತ್ತು. ಇಡೀ ಕ್ಲಾಸು ಮೇಜಿನ ಸುತ್ತ ಸೇರಿತ್ತು. ನನಗೆ ಗಂಟಲು ಕಟ್ಟಿ ಮಾತೇ ಬರ್ಲಿಲ್ಲ.

ಈಗ ಅವಳು ಇನ್ನೊಂದು ಪ್ರಶ್ನೆ ಇಟ್ಟಿದಾಳೆ. ರೋಧ ಜಾಸ್ತಿ ಇರೋ ಬಲ್ಬು ಜೋರಾಗಿ ಉರಿಯುತ್ತೆ ಅಂದ್ರೆ, ಮನೆಯ 100 ವ್ಯಾಟ್ ಬಲ್ಬಿಗೆ 60 ವ್ಯಾಟ್ ಬಲ್ಬಿಗಿಂತ ರೋಧ ಕಮ್ಮಿ ಅಂತ ಲೆಕ್ಕದಲ್ಲಿ ಬರುತ್ತಲ್ಲ ಸಾರ್, ಅದು ಹೇಗೆ ಜೋರಾಗಿ ಉರಿಯುತ್ತೆ ಅಂತ. ಸೋಮವಾರ ಹೇಳ್ತೀನಿ ಅಂದಿದೀನಿ.

ಧಾರವಾಡ ಕಡಿಯಾಂವ:

ಸರ, ಕೈ ಮುಗದು ಹೇಳ್ತೀನಿ, ಸೋಮವಾರ ಉತ್ತರ ಹೇಳಬ್ಯಾಡ್ರಿ. ಅದ 10 ಓಮ್, 20 ಓಮ್ ಬಲ್ಬನ್ನ ಅವಳ ಕೈಲೇ ಸಮಾಂತರಕ್ಕ ಹಾಕಸ್ರಿ, ಮೊದಲ ಚೀಟಿ ಬರಸ್ರಿ. 9 ವೋಲ್ಟಿಗೆ 10 ಓಮಿಂದು 8.1 ವ್ಯಾಟು, 20 ಓಮಿಂದು 4.05. ಮನಿ ವೈರಿಂಗು ಸರಣಿಯೋ ಸಮಾಂತರವೋ ಅಂತ ಒಂದ ಪ್ರಶ್ನೆ ಹಲಗಿ ಮ್ಯಾಲ ಬರದು ಬಿಡ್ರಿ, ಸಾಕು. ಮಂಗಳವಾರ ಇಲ್ಲಿ ಬಂದು ಏನಾತು ಹೇಳ್ರಿ, ಕಾಯ್ತಿರ್ತೀನಿ.